ಪಂಜರಕ್ಕೊಂದು ಬಿನ್ನವತ್ತಳೆ

ಆಳಂದ, ಅಫಜಲಪುರ, ಜೇವರ್ಗಿ ತಾಲ್ಲೂಕುಗಳಲ್ಲಿ ಮಳೆಗೆ ಬರ ಬಂದದ್ದುಂಟು, ಸನ್ಮಾನಕ್ಕೆ ಬಂದದ್ದಿಲ್ಲ. ಚುನಾವಣೆ ಗೆದ್ದವರಿಗೆ ಗೆದ್ದದ್ದಕ್ಕೆ, ಸೋತವರಿಗೆ ನಿಂತದ್ದಕ್ಕೆ, ನಿವೃತ್ತರಾದವರಿಗೆ ಕೊನೆಗೂ ನಿವೃತ್ತರಾದದ್ದಕ್ಕೆ ಶಾಲು ಬಿದ್ದಿದೆ. ಆದರೆ ಪಡಸಾಲಿಯ ಜಂತಿಗೆ ನೇತುಬಿದ್ದುಕೊಂಡೇ ಈ ಮೂರೂ ತಾಲ್ಲೂಕುಗಳ ಸಂಸಾರಗಳನ್ನು ರಂಜಿಸುತ್ತ ಬಂದ ಒಂದು ಸಂಸ್ಥೆಯನ್ನು ಇದುವರೆಗೆ ಯಾರೂ ವೇದಿಕೆಗೆ ಕರೆದಿಲ್ಲ. ಅದು ಗಿಣಿಯ ಪಂಜರ. ಒಂದೂವರೆ ಅಡಿ ಎತ್ತರ, ತಂತಿಯ ಗೋಡೆ, ಗುಮ್ಮಟದ ಮಾಳಿಗೆ, ನೀರಿಗೊಂದು ಬಟ್ಟಲು, ಕೂರಲೊಂದು ಅಡ್ಡಕಡ್ಡಿ. ಇಷ್ಟು ಕಡಿಮೆ ಬಂಡವಾಳದಲ್ಲಿ ಇಷ್ಟು ದೊಡ್ಡ ಸೇವೆ ಸಲ್ಲಿಸಿದ ಇನ್ನೊಂದು ಸಂಸ್ಥೆಯನ್ನು ಯಾರಾದರೂ ತೋರಿಸಿದರೆ ಈ ಬಿನ್ನವತ್ತಳೆಯನ್ನು ಅದಕ್ಕೇ ಒಪ್ಪಿಸಲು ನನ್ನ ಅಡ್ಡಿಯಿಲ್ಲ.

ಪಂಜರದ ಉಪಕಾರ ತಿಳಿಯಬೇಕಾದರೆ ಪಂಜರವಿಲ್ಲದ ಗಿಣಿಯ ಪಾಡನ್ನು ನೋಡಬೇಕು. ರಾತ್ರಿ ಯಾವುದೋ ಆಲದ ಮರದಲ್ಲಿ ನೂರಾರು ಗಿಣಿಗಳ ನಡುವೆ ಒತ್ತರಿಸಿಕೊಂಡು ಮಲಗಬೇಕು. ನಸುಕಿನಲ್ಲಿ ಅಷ್ಟೂ ಗಿಣಿ ಒಮ್ಮೆಲೇ ಮಾತಿಗೆ ಶುರುಮಾಡುತ್ತವೆ. ಯಾರ ಮಾತು ಯಾರಿಗೂ ಕೇಳದು, ಆದರೂ ಯಾರೂ ಸುಮ್ಮನಾಗರು. ಆಮೇಲೆ ಹಿಂಡು ಕಟ್ಟಿಕೊಂಡು ಹಾರಿ ಭೀಮಾ ದಂಡೆಯ ಬಿಳಿಜೋಳಕ್ಕೋ ಸೂರ್ಯಪಾನದ ತೆನೆಗೋ ತೊಗರಿ ಕಾಯಿಗೋ ಇಳಿಯಬೇಕು. ಅಲ್ಲಿ ಹಕ್ಕಿ ಕಾಯುವ ಹುಡುಗ ಕವಣಿಯಲ್ಲಿ ಕಲ್ಲಿಟ್ಟುಕೊಂಡು ನಿಂತಿರುತ್ತಾನೆ. ಚಳಿ ಕಳೆಯುವ ಹೊತ್ತಿಗೆ ಸಂಸಾರದ ತಾಪತ್ರಯ ಬೇರೆ. ಮರದ ಪೊಟರೆ ಹುಡುಕಬೇಕು. ಹೆಣ್ಣು ಮೂರು ವಾರ ತತ್ತಿಯ ಮೇಲೆ ಕುಳಿತರೆ ಗಂಡು ಹೊಲ ತಿರುಗಿ ಬಂದು ಕೊಕ್ಕಿನಿಂದ ಕೊಕ್ಕಿಗೆ ತುತ್ತು ಕೊಡಬೇಕು. ಮರಿ ರೆಕ್ಕೆ ಬಲಿತು ಹೊರಬೀಳಲು ಮತ್ತೆ ಆರೇಳು ವಾರ. ಬದುಕಿಡೀ ಇದೇ ದುಡಿತ.

ಪಂಜರ ಒಂದು ಚಿಲಕದಿಂದ ಇಷ್ಟೆಲ್ಲವನ್ನೂ ಮುಗಿಸಿಬಿಟ್ಟಿತು. ಹಾರಾಟವಿಲ್ಲ, ಹಿಂಡಿಲ್ಲ, ಸಂಗಾತಿಯಿಲ್ಲ, ಮರಿಗಳಿಲ್ಲ, ಕವಣಿ ಕಲ್ಲಿನ ಭಯವಂತೂ ಇಲ್ಲವೇ ಇಲ್ಲ. ರೈತನ ಕಲ್ಲಿನಿಂದ ಗಿಣಿಯನ್ನು ಕಾಪಾಡಲು ರೈತನ ಪಡಸಾಲಿಗಿಂತ ಭದ್ರವಾದ ಜಾಗ ಎಲ್ಲಿದೆ? ಹೊಲದಲ್ಲಿ ಅದು ಕಳ್ಳ, ಮನೆಯೊಳಗೆ ಮಿಠ್ಠು. ಹೊಲದಲ್ಲಿ ಹೊಡೆಯುವ ಕೈಯೇ ಮನೆಯಲ್ಲಿ ಹಸಿಮೆಣಸಿನಕಾಯಿ ಹಿಡಿಯುತ್ತದೆ. 2019ರಲ್ಲಿ ಕಲಬುರಗಿ ತೊಗರಿ ಬೇಳೆಗೆ ಜಿಐ ಮಾನ್ಯತೆ ಬಂದ ಮೇಲಂತೂ ಅಂಥ ಮಾನ್ಯ ಬೆಳೆಯನ್ನು ಪುಕ್ಕಟೆ ತಿಂದು ತಿರುಗುವುದು ಗಿಣಿಯ ಮರ್ಯಾದೆಗೂ ತಕ್ಕದ್ದಲ್ಲ.

ಮೆಣಸಿನಕಾಯಿ ವಿಷಯ ಬಂತಾದ್ದರಿಂದ ಒಂದು ಶಾಸ್ತ್ರೀಯ ಸಂಗತಿ ಹೇಳಿಬಿಡುತ್ತೇನೆ. ಮೆಣಸಿನ ಖಾರ ನಮ್ಮ ನಾಲಿಗೆಯನ್ನು ಸುಡುವಂತೆ ಹಕ್ಕಿಯ ನಾಲಿಗೆಯನ್ನು ಸುಡುವುದಿಲ್ಲ. ಖಾರ ಗುರುತಿಸುವ ಏರ್ಪಾಡು ಸಸ್ತನಿಗಳಲ್ಲಿ ಕೆಲಸ ಮಾಡಿದಂತೆ ಅವುಗಳಲ್ಲಿ ಮಾಡುವುದಿಲ್ಲ. ಹೀಗಾಗಿ ಎಷ್ಟು ತಿಂದರೂ ಗಿಣಿಯ ಕಣ್ಣಲ್ಲಿ ನೀರು ಬರುವುದಿಲ್ಲ. ಕಣ್ಣೀರಿಲ್ಲದ ಮೇಲೆ ದುಃಖವಿದೆ ಎನ್ನಲು ಆಧಾರವೇನು? ಗಿಣಿ ಸುಖವಾಗಿದೆ ಎಂಬುದಕ್ಕೆ ನಮ್ಮ ಬಳಿ ಇರುವ ಸಾಕ್ಷ್ಯಗಳಲ್ಲೆಲ್ಲ ಇದೇ ಬಲವಾದದ್ದು.

ಇನ್ನು ನೇಮಕಾತಿ. ನಮ್ಮ ಹುಡುಗರಿಗೆ ಒಂದು ನೌಕರಿ ಸಿಗಬೇಕಾದರೆ ಈ ಭಾಗದವರ ಮೀಸಲಾತಿಯ 371ಜೆ ಪ್ರಮಾಣಪತ್ರಕ್ಕೆ ಸರ್ಕಾರಿ ಕಚೇರಿಯ ಮೆಟ್ಟಿಲು ಸವೆಸಬೇಕು. ಗಿಣಿಗೆ ಆ ರಗಳೆಯಿಲ್ಲ. ಕಣ್ಣು ಸರಿಯಾಗಿ ತೆರೆದಿರುವುದಿಲ್ಲ, ಪುಕ್ಕ ಪೂರ್ತಿ ಮೂಡಿರುವುದಿಲ್ಲ, ಅಷ್ಟರಲ್ಲೇ ಪೊಟರೆಗೆ ಕೈ ಹಾಕಿ ಆಯ್ಕೆ ಮಾಡಲಾಗುತ್ತದೆ. ಪರೀಕ್ಷೆ ಇಲ್ಲ, ಲಂಚ ಇಲ್ಲ, ವರ್ಗಾವಣೆ ಇಲ್ಲ. ಸಾಕಿದ ಗಿಣಿ ಇಪ್ಪತ್ತು ಇಪ್ಪತ್ತೈದು ವರ್ಷ ಬದುಕಬಲ್ಲದಾದ್ದರಿಂದ ಸೇವಾವಧಿಯೂ ಸಣ್ಣದಲ್ಲ. ಪಿಂಚಣಿಯ ಪ್ರಶ್ನೆ ಏಳುವುದಿಲ್ಲ, ಏಕೆಂದರೆ ನಿವೃತ್ತಿಯೇ ಇಲ್ಲ.

ವಿದ್ಯೆಯ ಮಾತಿಗೆ ಬಂದರೆ, ಆಳಂದ ತಾಲ್ಲೂಕಿನ ಕಡಗಂಚಿಗೆ ಕೇಂದ್ರೀಯ ವಿಶ್ವವಿದ್ಯಾಲಯ ದಕ್ಕಿದ್ದು 2009ರಲ್ಲಿ. ಪಂಜರ ಅದಕ್ಕೂ ಎಷ್ಟೋ ಮೊದಲಿನಿಂದ ಪಾಠ ಹೇಳುತ್ತಿದೆ, ಅದೂ ಒಬ್ಬ ಪ್ರಾಧ್ಯಾಪಕನೂ ಇಲ್ಲದೆ. ಕಾಡಿನಲ್ಲಿ ಗಿಣಿಗೆ ಕನ್ನಡ ಬರುವುದಿಲ್ಲ. ಪಂಜರದೊಳಗೆ ಬರುತ್ತದೆ. ಇದರ ಗುಟ್ಟನ್ನು ಹಕ್ಕಿ ಓದಿದವರು ಬಿಡಿಸಿ ಹೇಳಿದ್ದಾರೆ. ಗಿಣಿ ಒಂಟಿಯಾಗಿ ಬದುಕುವ ಜೀವವಲ್ಲ. ಎಲೆಗಳ ಮರೆಯಲ್ಲಿ ಒಂದಕ್ಕೊಂದು ಕಾಣದಿದ್ದಾಗ ‘ನಾನಿಲ್ಲಿದ್ದೇನೆ, ನೀನೆಲ್ಲಿದ್ದೀ’ ಎಂದು ಕೂಗುತ್ತವೆ. ಆ ಕಡೆಯಿಂದ ಉತ್ತರ ಬರುತ್ತದೆ. ವೆನೆಜುವೆಲಾದ ಒಂದು ಪುಟ್ಟ ಗಿಳಿಜಾತಿಯಲ್ಲಿ ಮರಿಗಳು ಗೂಡಿನಲ್ಲಿರುವಾಗಲೇ ತಾಯಿತಂದೆ ಒಂದೊಂದು ಮರಿಗೂ ಒಂದೊಂದು ಕೂಗು ಕಲಿಸಿ, ಅದನ್ನೇ ಅದರ ಹೆಸರಾಗಿ ಬಳಸುತ್ತವೆಂದು 2011ರಲ್ಲಿ ಪ್ರಕಟವಾದ ಸಂಶೋಧನೆಯೊಂದು ತೋರಿಸಿತು. ನಾವು ತೊಟ್ಟಿಲು ಕಟ್ಟಿ ಕಿವಿಯಲ್ಲಿ ಕುರ್ ಎನ್ನುವ ಕಾರ್ಯಕ್ರಮವನ್ನು ಅವು ಶಾಮಿಯಾನವಿಲ್ಲದೆ ಮುಗಿಸುತ್ತವೆ.

ಪಂಜರದ ಗಿಣಿಯೂ ಮೊದಮೊದಲು ತನ್ನ ಭಾಷೆಯಲ್ಲೇ ಕೂಗುತ್ತದೆ. ಉತ್ತರ ಬರುವುದಿಲ್ಲ. ಮತ್ತೆ ಕೂಗುತ್ತದೆ. ‘ಬೆಳಿಗ್ಗೆ ಬೆಳಿಗ್ಗೆ ಏನು ಚೀರಾಟ ಇದು’ ಎಂದು ಮನೆಯವರು ಪಂಜರದ ಮೇಲೆ ಹಳೇ ಧೋತರ ಹೊದಿಸುತ್ತಾರೆ. ಉತ್ತರ ಬರದ ಭಾಷೆಯನ್ನು ಎಷ್ಟು ದಿನ ಆಡಬೇಕು? ಹತ್ತಿರ ಇರುವವರೇ ತನ್ನ ಹಿಂಡು ಎಂದು ಅದು ಒಪ್ಪಿಕೊಳ್ಳುತ್ತದೆ. ಈ ಹಿಂಡು ಏನೆಂದು ಕೂಗಿಕೊಳ್ಳುತ್ತದೋ ಅದನ್ನೇ ಕೂಗಲು ಕಲಿಯುತ್ತದೆ. ಒಂದು ದಿನ ಜಂತಿಯಿಂದ ‘ಯಾರ್ರೀ ಅವರು? ಬರ್ರಿ, ಕುಂದರ್ರಿ’ ಎಂದು ಕೇಳಿದಾಗ ಮನೆಮಂದಿ ಚಪ್ಪಾಳೆ ತಟ್ಟುತ್ತಾರೆ, ಅಕ್ಕಪಕ್ಕದವರನ್ನು ಕರೆಯುತ್ತಾರೆ. ಚಪ್ಪಾಳೆಯೂ ಒಂದು ಉತ್ತರವೇ. ಗಿಣಿ ಹುಟ್ಟಿದಾಗಿನಿಂದ ಕಾದ ಮೊದಲ ಉತ್ತರ ಅದು. ಮರುದಿನವೂ ‘ಬರ್ರಿ, ಕುಂದರ್ರಿ’ ಅನ್ನದೆ ಅದು ಇನ್ನೇನು ಮಾಡೀತು? ಪರಭಾಷಿಕರಿಗೆ ಕನ್ನಡ ಕಲಿಸಲು ನಾವು ನಡೆಸುತ್ತಿರುವ ನಾನಾ ಯೋಜನೆಗಳ ಮುಖ್ಯಸ್ಥರು ಈ ಪದ್ಧತಿಯನ್ನು ಗಮನಿಸಬೇಕು. ಕಲಿಯುವವನನ್ನು ಅವನವರಿಂದ ಬೇರೆ ಮಾಡಿದರೆ ಸಾಕು, ಪಠ್ಯಪುಸ್ತಕ ಬೇಕಿಲ್ಲ.

ಗಿಣಿ ಕಲಿಯುವುದು ಮನೆಯಲ್ಲಿ ಹೆಚ್ಚು ಸಲ ಕೇಳಿಬರುವ ಮಾತನ್ನು. ಹಿಂದೆ ‘ಚಹಾ ಮಾಡ್ರಿ’, ‘ದನ ಬಂದ್ವು’ ಎನ್ನುತ್ತಿದ್ದವಂತೆ. ಈಗ ಪಠ್ಯಕ್ರಮ ಬದಲಾಗಿದೆ. ಮೂರೂ ತಾಲ್ಲೂಕುಗಳಿಂದ ದುಡಿಯಲು ಪುಣೆ, ಮುಂಬೈ, ಹೈದರಾಬಾದ್, ಬೆಂಗಳೂರು ಸೇರಿದವರಿಗೆ ಲೆಕ್ಕವಿಲ್ಲ. ಹಳ್ಳಿಯಲ್ಲಿ ಶಹಾಬಾದ್ ಕಲ್ಲಿನ ನೆಲ, ಗೋಡೆಗೆ ಮದುವೆಯ ಫೋಟೊ, ಒಬ್ಬ ಮುತ್ಯಾ, ಒಬ್ಬ ಆಯಿ, ಒಂದು ಮೊಬೈಲು, ಒಂದು ಗಿಣಿ. ಇಂಥ ಮನೆಯ ಗಿಣಿಯ ಬಾಯಲ್ಲಿ ಬರುವ ಕನ್ನಡ ಬೇರೆ. ‘ಹಲೋ, ಕೇಳಸಲಕತ್ತದೇನೋ ತಮ್ಮಾ?’ ಎಂದು ಅದು ಆಯಿಯ ದನಿಯಲ್ಲೇ ಕೇಳುತ್ತದೆ. ‘ನಾವು ಆರಾಮ ಇದ್ದೀವಪ್ಪ’ ಎನ್ನುತ್ತದೆ. ‘ಯಾವಾಗ ಬರ್ತಿ?’ ಎನ್ನುತ್ತದೆ. ಆಮೇಲೆ ಸ್ವಲ್ಪ ಹೊತ್ತು ಸುಮ್ಮನಿದ್ದು, ಆ ಕಡೆಯವರು ಮಾತಾಡಲು ಬಿಡುವು ಕೊಟ್ಟು, ‘ಹ್ಞೂಂ, ಇಡ್ತೀನಿ’ ಎಂದು ತಾನೇ ಮುಗಿಸುತ್ತದೆ. ಇಷ್ಟು ಸೊಗಸಾಗಿ ಕಲಿತ ಮೇಲೆ ಆಯಿ ಫೋನು ಮಾಡುವ ಅಗತ್ಯವೇನೂ ಉಳಿಯುವುದಿಲ್ಲ. ಕರೆನ್ಸಿ ಉಳಿಯಿತು. ಮಗನ ಕೆಲಸಕ್ಕೂ ಅಡಚಣೆ ತಪ್ಪಿತು.

ಈ ವಿಷಯದಲ್ಲಿ ವಿದೇಶಿಯರು ನಮಗಿಂತ ಹಿಂದಿದ್ದಾರೆ. ಅಮೆರಿಕ ಮತ್ತು ಸ್ಕಾಟ್ಲೆಂಡಿನ ಸಂಶೋಧಕರು ಮನೆಗಳಲ್ಲಿ ಸಾಕಿದ 18 ಗಿಳಿಗಳಿಗೆ ಗಂಟೆ ಬಾರಿಸಿ, ಪರದೆಯ ಮೇಲಿನ ಚಿತ್ರ ಮುಟ್ಟಿ, ಇನ್ನೊಂದು ಮನೆಯ ಗಿಳಿಗೆ ವಿಡಿಯೊ ಕಾಲ್ ಮಾಡುವುದನ್ನು ಕಲಿಸಿದರು. ಆ ಪ್ರಯೋಗದ ವಿವರ 2023ರಲ್ಲಿ ಹೊರಬಂತು. ಗಿಳಿಗಳು ಗೆಳೆಯರನ್ನು ಆರಿಸಿಕೊಂಡವಂತೆ, ಪರದೆಯ ಮುಂದೆ ಹಾಡಿದವಂತೆ. ಎಷ್ಟು ಖರ್ಚು, ಎಷ್ಟು ಶ್ರಮ! ಸ್ವಿಟ್ಜರ್ಲೆಂಡಿನವರಂತೂ ಇನ್ನೂ ದುಂದುಗಾರರು. ಗಿಳಿಯಂಥ ಗುಂಪುಜೀವಿಯನ್ನು ಒಂಟಿಯಾಗಿ ಸಾಕಬಾರದು, ಕಡೇಪಕ್ಷ ಎರಡಿರಬೇಕು ಎಂದು 2008ರಲ್ಲೇ ನಿಯಮ ಮಾಡಿಕೊಂಡಿದ್ದಾರೆ. ಎರಡು ಗಿಣಿ ಎಂದರೆ ಎರಡು ಬಟ್ಟಲು, ಎರಡು ಮೆಣಸಿನಕಾಯಿ. ನಾವು ಜಾತ್ರೆಯಲ್ಲಿ ಒಂದು ಅಂಗೈಯಗಲದ ಕನ್ನಡಿ ತಂದು ಪಂಜರದೊಳಗೆ ಸಿಕ್ಕಿಸಿ ಇದೇ ಸಮಸ್ಯೆಯನ್ನು ಬಗೆಹರಿಸಿದ್ದೇವೆ. ಕನ್ನಡಿಯೊಳಗಿನ ಗಿಣಿ ತಿನ್ನುವುದಿಲ್ಲ, ಜಗಳಾಡುವುದಿಲ್ಲ. ಹೊರಗಿನ ಗಿಣಿ ಅದಕ್ಕೆ ತುತ್ತು ಕೊಡಲು ಹೋಗಿ ಕೊಕ್ಕನ್ನು ಗಾಜಿಗೆ ಒರೆಸುತ್ತದೆ. ಎರಡಕ್ಕೂ ಹೊಟ್ಟೆ ತುಂಬುವುದಿಲ್ಲವಾದ್ದರಿಂದ ಸಮಾನತೆಯನ್ನೂ ಸಾಧಿಸಿದಂತಾಗುತ್ತದೆ.

ಇಷ್ಟಾದರೂ ಕೆಲವು ಪಶುವೈದ್ಯರು ಪಂಜರದ ಗಿಣಿಗೂ ಒಂದು ಒಳಮನಸ್ಸಿದೆ, ಅದಕ್ಕೆ ಬೇಸರವಾಗುತ್ತದೆ ಎಂದು ಹಟ ಹಿಡಿಯುತ್ತಾರೆ. ಅವರು ಕೊಡುವ ಲಕ್ಷಣಗಳನ್ನು ಒಂದೊಂದಾಗಿ ಪರಿಶೀಲಿಸೋಣ. ಅಡ್ಡಕಡ್ಡಿಯ ಮೇಲೆ ಈ ತುದಿಯಿಂದ ಆ ತುದಿಗೆ, ಆ ತುದಿಯಿಂದ ಈ ತುದಿಗೆ ದಿನವಿಡೀ ನಡೆಯುತ್ತದೆ ಎನ್ನುತ್ತಾರೆ. ಸಕ್ಕರೆ ಕಾಯಿಲೆಯವರಿಗೆ ಡಾಕ್ಟರು ಹೇಳುವುದೂ ಇದನ್ನೇ ಅಲ್ಲವೇ? ತಲೆಯನ್ನು ಒಂದೇ ಸಮನೆ ಮೇಲೆ ಕೆಳಗೆ ಆಡಿಸುತ್ತದೆ ಎನ್ನುತ್ತಾರೆ. ನಮ್ಮ ಸಭೆಗಳಲ್ಲಿ ಮುಂದಿನ ಸಾಲಿನವರು ಮಾಡುವುದೂ ಅದನ್ನೇ, ಅವರಿಗೆ ಯಾರೂ ಔಷಧ ಬರೆದುಕೊಟ್ಟಿಲ್ಲ. ತನ್ನ ಎದೆಯ ಪುಕ್ಕವನ್ನು ತಾನೇ ಕಿತ್ತು ಕಿತ್ತು ಚರ್ಮ ಕಾಣುವಂತೆ ಮಾಡಿಕೊಳ್ಳುತ್ತದೆ ಎನ್ನುತ್ತಾರೆ. ಮೇ ತಿಂಗಳಲ್ಲಿ ಪಾರಾ 43 ಡಿಗ್ರಿ ದಾಟುವ ಕಲಬುರಗಿ ಸೀಮೆಯಲ್ಲಿ ಮೈಮೇಲಿನ ಬಟ್ಟೆ ಕಡಿಮೆ ಮಾಡಿಕೊಳ್ಳುವುದು ಬುದ್ಧಿವಂತಿಕೆಯ ಲಕ್ಷಣ. ಚಳಿಗಾಲದಲ್ಲೂ ಕೀಳುತ್ತದಲ್ಲ ಎಂದರೆ, ಅದು ಮುಂದಿನ ಬೇಸಿಗೆಗೆ ಈಗಲೇ ಮಾಡಿಕೊಳ್ಳುವ ತಯಾರಿ.

ಒಂಟಿತನವನ್ನು ಹೀಗಳೆಯುವವರು ಆಳಂದದ ಇತಿಹಾಸ ಓದಬೇಕು. ಹನ್ನೆರಡನೇ ಶತಮಾನದ ಶಿವಭಕ್ತ ಏಕಾಂತದ ರಾಮಯ್ಯ ಇದೇ ಆಳಂದೆಯವನು. ಏಕಾಂತದಲ್ಲಿ ಶಿವನನ್ನು ಪೂಜಿಸುತ್ತಿದ್ದನೆಂದೇ ಆ ಹೆಸರು ಬಂತೆಂದು ಅಬ್ಬಲೂರಿನ ಶಾಸನ ಹೇಳುತ್ತದೆ. ಒಬ್ಬನೇ ಕೂತದ್ದಕ್ಕೆ ಶಾಸನದಲ್ಲಿ ಹೆಸರು ಬರುವುದಾದರೆ ನಮ್ಮ ಗಿಣಿಗಳು ಎಷ್ಟು ಕಲ್ಲುಗಳಿಗೆ ಅರ್ಹವಾದಾವು! ರಾಮಯ್ಯ ಏಕಾಂತಕ್ಕೆ ತಾನಾಗಿ ಹೋದವನು, ಬೇಕೆನಿಸಿದಾಗ ಎದ್ದು ಹುಲಿಗೆರೆಗೆ, ಅಲ್ಲಿಂದ ಅಬ್ಬಲೂರಿಗೆ ನಡೆದವನು, ಅಲ್ಲಿ ವಾದಕ್ಕೆ ನಿಂತವನು ಎಂದು ಯಾರಾದರೂ ತಕರಾರು ತೆಗೆದಾರು. ಅದು ಸಾಧನೆಯ ಹಳೆಯ ಕ್ರಮ. ಈಗ ಬಾಗಿಲಿಗೆ ಹೊರಗಿನಿಂದ ಚಿಲಕ ಹಾಕುವ ಸೌಲಭ್ಯ ಬಂದಿರುವುದರಿಂದ ಮನಸ್ಸು ಚಂಚಲವಾಗುವ ಸಂಭವವೇ ಇಲ್ಲ.

ನಮಗೂ ಒಮ್ಮೆ ಈ ಸಾಧನೆಯ ರುಚಿ ಹತ್ತಿತ್ತು. ದೇಶದ ಮೊದಲ ಕೋವಿಡ್ ಸಾವು ವರದಿಯಾದದ್ದು 2020ರ ಮಾರ್ಚಿನಲ್ಲಿ ನಮ್ಮ ಕಲಬುರಗಿಯಿಂದಲೇ. ಅದೇ ತಿಂಗಳು 25ರಿಂದ 21 ದಿನ ಮನೆಬಿಟ್ಟು ಹೊರಬೀಳಬೇಡಿ ಎಂದರು. ಮನೆಯೊಳಗೆ ಟಿವಿ ಇತ್ತು, ಫೋನು ಇತ್ತು, ಹೆಂಡತಿ ಮಕ್ಕಳಿದ್ದರು, ಅಡ್ಡಾಡಲು ಮೂರು ಕೋಣೆ ಇದ್ದವು. ಮೊದಲ ವಾರ ಮುಗಿಯುವಷ್ಟರಲ್ಲಿ ಗಂಡಸರು ಹಾಲು ತರುವ ನೆಪದಲ್ಲಿ ಚೌಕಕ್ಕೆ ಹೋಗಿ ಲಾಠಿ ರುಚಿ ನೋಡಿ ಬಂದರು. ‘ತಲಿ ಕೆಡಲಕತ್ತದ್ರಿ’ ಎಂದು ಪಡಸಾಲಿಯಲ್ಲಿ ಕೂತು ಹಲುಬಿದರು. ಅವರ ನೆತ್ತಿಯ ಮೇಲೆ ನೇತಾಡುತ್ತಿದ್ದ ಗಿಣಿ ಒಂದು ಮಾತೂ ಆಡಿಕೊಳ್ಳಲಿಲ್ಲ. ಆ ಸಂಯಮಕ್ಕೂ ಪಂಜರವೇ ಕಾರಣ.

ಅದೇ ವರ್ಷ ಅಕ್ಟೋಬರಿನಲ್ಲಿ ಭೀಮೆ ಉಕ್ಕಿದಳು. ಸೊನ್ನ ಬ್ಯಾರೇಜಿನಿಂದ ನೀರು ಬಿಟ್ಟದ್ದೇ ಅಫಜಲಪುರ, ಜೇವರ್ಗಿಯ ನದಿದಂಡೆಯ ಊರುಗಳಿಗೆ ನೀರು ನುಗ್ಗಿ ಜನ ಕಾಳಜಿ ಕೇಂದ್ರ ಸೇರಿದರು. ಇಂಥ ಹೊತ್ತಿನಲ್ಲಿ ಮೊದಲು ಮುದುಕರು ಮಕ್ಕಳು, ಆಮೇಲೆ ದನಕರು, ಆಮೇಲೆ ಜೋಳದ ಚೀಲ. ಊರಿನ ಕಾಗೆ, ಗುಬ್ಬಿ, ಪಾರಿವಾಳಗಳು ಯಾರ ಸಹಾಯವನ್ನೂ ಕೇಳುವುದಿಲ್ಲ. ರೆಕ್ಕೆ ಇದ್ದೂ ಮನುಷ್ಯರ ಕೈಯಲ್ಲಿ ಎತ್ತಿಸಿಕೊಂಡು ಹೋಗುವ ಗೌರವ ಆಗ ಪಂಜರದ ಗಿಣಿಯೊಂದಕ್ಕೇ ಸಲ್ಲುತ್ತದೆ, ಯಾರಿಗಾದರೂ ಅದರ ನೆನಪಾದರೆ.

ಪಂಜರ ಸಿದ್ಧಪಡಿಸಿದ ಅತ್ಯುತ್ತಮ ನಾಗರಿಕನನ್ನು ನೋಡಬೇಕಾದರೆ ಜಾತ್ರೆಗೆ ಹೋಗಬೇಕು. ಘತ್ತರಗಿಯ ಭಾಗ್ಯವಂತಿಯೋ, ಜೇವರ್ಗಿಯ ಮಹಾಲಕ್ಷ್ಮಿಯೋ, ಆಳಂದದ ಲಾಡ್ಲೆ ಮಶಾಕರ ಉರುಸೋ, ಜನ ಸೇರುವಲ್ಲಿ ಗಿಣಿಶಾಸ್ತ್ರದವನು ಚಾಪೆ ಹಾಸುವುದು ಹಳೆಯ ಪದ್ಧತಿ. ಬಾಗಿಲು ಎತ್ತುತ್ತಾನೆ. ಗಿಣಿ ಹೊರಬರುತ್ತದೆ. ಮೇಲೆ ಇಡೀ ಆಕಾಶವಿದೆ; ಅದು ನೋಡುವುದು ಚೀಟಿಯ ಕಟ್ಟನ್ನು. ಒಂದು ಚೀಟಿ ಎಳೆದು, ಎರಡು ಕಾಳು ತಿಂದು, ತಾನಾಗಿ ಒಳಗೆ ಹೋಗುತ್ತದೆ. ರೆಕ್ಕೆಯ ತುದಿ ಕತ್ತರಿಸಿದ್ದರಿಂದ ಹಾಗೆ ಎನ್ನುವುದು ಅಸೂಯೆಯ ಮಾತು. ತನ್ನ ನಾಳೆ ಏನೆಂದು ಅದಕ್ಕೆ ಖಚಿತವಾಗಿ ಗೊತ್ತು, ಆದ್ದರಿಂದಲೇ ಇತರರ ನಾಳೆ ಹೇಳಲು ಅದಕ್ಕಿಂತ ಯೋಗ್ಯರಿಲ್ಲ. 2013ರಲ್ಲಿ ಸುಪ್ರೀಂ ಕೋರ್ಟು ಕಲ್ಲಿದ್ದಲು ಹಗರಣದ ವಿಚಾರಣೆಯಲ್ಲಿ ಸಿಬಿಐಯನ್ನು ಪಂಜರದ ಗಿಣಿ ಎಂದು ಕರೆದಾಗ ದೆಹಲಿಯಲ್ಲಿ ಅನೇಕರು ಅದನ್ನು ಬೈಗುಳವೆಂದುಕೊಂಡರು. ನಮ್ಮ ಕಡೆ ಯಾರೂ ತಪ್ಪು ತಿಳಿಯಲಿಲ್ಲ. ಹೇಳಿದ್ದನ್ನು ಹೇಳುವುದು, ಎಳೆ ಎಂದ ಚೀಟಿ ಎಳೆಯುವುದು, ಕರೆದಾಗ ಒಳಗೆ ಹೋಗುವುದು: ಇದಕ್ಕಿಂತ ಹೆಚ್ಚಿನ ಗುಣ ಒಂದು ಸಂಸ್ಥೆಯಲ್ಲಿ ಇರಬೇಕೆ?

ಪಂಜರದ ವಿರೋಧಿಗಳಿಗೆ ನಮ್ಮ ಗಿಣಿಮಾಲೀಕರು ತಲೆಮಾರುಗಳಿಂದ ಕೊಡುತ್ತ ಬಂದ ಉತ್ತರ ಒಂದಿದೆ. ‘ಬಿಟ್ರ ಬದುಕಂಗಿಲ್ರಿ, ಕಾಗಿ ಕುಕ್ಕಿ ಕೊಲ್ತಾವ.’ ಇದು ನೂರಕ್ಕೆ ನೂರು ನಿಜ. ಕಣ್ಣು ಬಿಡುವ ಮುಂಚೆ ಪೊಟರೆಯಿಂದ ತಂದ ಗಿಣಿಗೆ ತೆನೆ ಹುಡುಕಲು ಗೊತ್ತಿಲ್ಲ, ಗಿಡುಗ ಗೊತ್ತಿಲ್ಲ, ಹಿಂಡಿನ ಮಾತು ಮರೆತಿದೆ, ರೆಕ್ಕೆಯ ಸ್ನಾಯು ಸೊರಗಿದೆ. ಪಂಜರದಿಂದ ಬಂದ ಈ ದೌರ್ಬಲ್ಯಕ್ಕೆ ಪಂಜರವೇ ಮದ್ದು. ಕಾಯಿಲೆಯನ್ನೂ ಔಷಧವನ್ನೂ ಒಂದೇ ಅಂಗಡಿಯಲ್ಲಿ ಒದಗಿಸುವ ಇಂಥ ದಕ್ಷ ವ್ಯವಸ್ಥೆಯನ್ನು ಮುಟ್ಟಲು ಯಾರಿಗೆ ಮನಸ್ಸು ಬಂದೀತು? ಅಂಥ ಗಿಣಿಯನ್ನು ಅರಣ್ಯ ಇಲಾಖೆಗೆ ಒಪ್ಪಿಸಿದರೆ, ಬಲ್ಲವರ ಕೈಯಲ್ಲಿ ದೊಡ್ಡ ಜಾಲರಿ ಮನೆಯಲ್ಲಿ ಇತರ ಗಿಣಿಗಳ ಜೊತೆ ಬಿಟ್ಟು, ನಿಧಾನವಾಗಿ ಹಾರಾಟ ಕಲಿಸಬಹುದು, ಕಲಿಯದಿದ್ದರೂ ಜೊತೆಯಲ್ಲಿ ಬದುಕಬಹುದು ಎಂಬ ದಾರಿಯೂ ಇದೆ. ಆದರೆ ಆ ದಾರಿಯಲ್ಲಿ ಗಿಣಿ ‘ಬರ್ರಿ, ಕುಂದರ್ರಿ’ ಎನ್ನುವುದನ್ನು ಮರೆಯುವ ಅಪಾಯವಿದೆ. ಕನ್ನಡಕ್ಕೆ ಅಷ್ಟು ನಷ್ಟ.

ಈಗ ಕಾನೂನಿನ ಮಾತು. ಇಲ್ಲಿ ಮಾತ್ರ ನನಗೆ ಸರ್ಕಾರದ ಮೇಲೆ ಅಸಮಾಧಾನವಿದೆ. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಪ್ರಕಾರ ನಮ್ಮ ದೇಸಿ ಗಿಣಿಯನ್ನು ಹಿಡಿಯುವುದು, ಮಾರುವುದು, ಸಾಕುವುದು ಅಪರಾಧ. 2022ರ ತಿದ್ದುಪಡಿಯಲ್ಲಿ ಕೊರಳಪಟ್ಟಿಯ ಗಿಣಿಯನ್ನು ಎರಡನೇ ಅನುಸೂಚಿಗೆ ಏರಿಸಿದರು. 2023ರ ಏಪ್ರಿಲ್ 1ರಿಂದ ಅದು ಜಾರಿಯಲ್ಲಿದೆ. ಶಿಕ್ಷೆ ಮೂರು ವರ್ಷದವರೆಗೆ ಜೈಲು ಅಥವಾ ಒಂದು ಲಕ್ಷ ರೂಪಾಯಿಯವರೆಗೆ ದಂಡ, ಇಲ್ಲವೇ ಎರಡೂ. ಹಿಡಿದಿಟ್ಟ ಗಿಣಿ ಸರ್ಕಾರದ ಸ್ವತ್ತು. ಹಕ್ಕಿಗಳಿಗೆ ಆಕಾಶದಲ್ಲಿ ಹಾರುವ ಹಕ್ಕಿದೆ ಎಂದು ದೆಹಲಿ ಹೈಕೋರ್ಟ್ 2015ರಲ್ಲಿ ಹೇಳಿದ್ದೂ ಉಂಟು.

ನನ್ನ ತಕರಾರು ಇಷ್ಟೇ. ಜೈಲಿನಲ್ಲಿ ಏನಿರುತ್ತದೆ? ನಾಲ್ಕು ಗೋಡೆ, ಹೊತ್ತಿಗೆ ಊಟ, ಕುಡಿಯಲು ನೀರು, ಹೊರಗಿನಿಂದ ಚಿಲಕ. ಪಂಜರದಲ್ಲಿರುವುದೂ ಅದೇ. ಗಿಣಿಗೆ ಕೊಟ್ಟಾಗ ಅದು ಪ್ರೀತಿ, ಮಾಲೀಕನಿಗೆ ಕೊಟ್ಟಾಗ ಶಿಕ್ಷೆ. ಒಂದೇ ವಸ್ತು ಒಬ್ಬರಿಗೆ ಬಹುಮಾನ, ಇನ್ನೊಬ್ಬರಿಗೆ ದಂಡನೆ ಆಗುವುದು ಹೇಗೆ? ಅದೂ ಅಪರಾಧ ಮಾಡಿದವನಿಗೆ ಹೆಚ್ಚೆಂದರೆ ಮೂರು ವರ್ಷ, ಮಾಡದ ಗಿಣಿಗೆ ಇಪ್ಪತ್ತೈದು! ಇಷ್ಟು ದೀರ್ಘ ಸುಖವನ್ನು ಗಿಣಿಯೊಂದೇ ಅನುಭವಿಸುವುದು ಮಾಲೀಕರಿಗೆ ಮಾಡುವ ಅನ್ಯಾಯ. ‘ಮನಿ ಮಗಾ ಇದ್ದಂಗ’ ಎಂದು ಸಾಕಿದವರು ಮಗನಿಗೆ ಸಿಕ್ಕ ಸವಲತ್ತಿನಿಂದ ತಾವೇ ವಂಚಿತರಾಗಬಾರದು.

ಆದ್ದರಿಂದ ಮೂರೂ ತಾಲ್ಲೂಕುಗಳ ಗಿಣಿಮಾಲೀಕರ ಪರವಾಗಿ ಒಂದು ಯೋಜನೆಯನ್ನು ಸೂಚಿಸುತ್ತೇನೆ. ಬಾಲದ ತುದಿಯವರೆಗೆ 16 ಅಂಗುಲದ ಗಿಣಿಗೆ ನಾವು 18 ಅಂಗುಲದ ಪಂಜರ ಕೊಡುತ್ತೇವೆ. ಅದೇ ಪ್ರಮಾಣದಲ್ಲಿ ಐದೂವರೆ ಅಡಿಯ ಮಾಲೀಕರಿಗೆ ಆರು ಅಡಿ ಎರಡು ಅಂಗುಲದ ಪಂಜರ ಸಾಕಾಗುತ್ತದೆ. ಅದನ್ನು ಅವರದೇ ಪಡಸಾಲಿಯಲ್ಲಿ ತೂಗುಹಾಕಲಾಗುವುದು. ದಿನಕ್ಕೊಂದು ಮೆಣಸಿನಕಾಯಿ, ಒಂದು ಬಟ್ಟಲು ನೀರು, ಒಂದು ಕನ್ನಡಿ ಉಚಿತ. ಹೆಂಡತಿ, ಮಕ್ಕಳು, ಗೆಳೆಯರು, ಅಣ್ಣತಮ್ಮಂದಿರ ಕಾಟ ಇರುವುದಿಲ್ಲ. ಬಂದ ಬೀಗರೆಲ್ಲ ತಂತಿಗೆ ಬೆರಳು ತೂರಿಸಿ ‘ಮಾತಾಡು, ಮಾತಾಡು’ ಎನ್ನುತ್ತಾರೆ. ಅವರ ಭಾಷೆಯಲ್ಲಿ ಚೆನ್ನಾಗಿ ಮಾತಾಡಿದರೆ ಚಪ್ಪಾಳೆ, ತಮ್ಮ ಭಾಷೆಯಲ್ಲಿ ಕೂಗಿದರೆ ಹಳೇ ಧೋತರ. ಅವಧಿ ಇಪ್ಪತ್ತೈದು ವರ್ಷ, ನವೀಕರಿಸಬಹುದು. ಯೋಜನೆಗೆ ಸೇರಲು ಇಷ್ಟವಿಲ್ಲದ ಮಾಲೀಕರು ಕಾರಣವನ್ನು ಬರವಣಿಗೆಯಲ್ಲಿ ಕೊಡತಕ್ಕದ್ದು. ಆ ಕಾರಣದ ಒಂದು ಪ್ರತಿಯನ್ನು ಗಿಣಿಯ ಕಡತಕ್ಕೂ ಲಗತ್ತಿಸಲಾಗುವುದು.